ಕಿತ್ತೂರು ನಾಡಿನ ಕಸ: ಎಲ್ಲಿ ಹುಟ್ಟುತ್ತದೆ, ಎಲ್ಲಿಗೆ ಹೋಗಬೇಕು

ಕಿತ್ತೂರು, ಬೈಲಹೊಂಗಲ, ಸವದತ್ತಿ, ರಾಮದುರ್ಗ ತಾಲ್ಲೂಕುಗಳಲ್ಲಿ ಬೀದಿಗೆ ಬಿದ್ದ ಕಸ ಹಳ್ಳಕ್ಕೆ ಇಳಿಯುತ್ತದೆ, ಹಳ್ಳದ ನೀರು ಮಲಪ್ರಭೆಗೆ ಸೇರುತ್ತದೆ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟುವ ಈ ನದಿ ಎಂ.ಕೆ. ಹುಬ್ಬಳ್ಳಿಯನ್ನು ದಾಟಿ ಬೈಲಹೊಂಗಲ ಸೀಮೆಯ ಎರೆಹೊಲಗಳ ನಡುವೆ ಹರಿಯುತ್ತದೆ. ಸವದತ್ತಿ ಹತ್ತಿರ ನವಿಲುತೀರ್ಥದ ಅಣೆಕಟ್ಟಿನ ಹಿಂದೆ ರೇಣುಕಾಸಾಗರವಾಗಿ ನಿಂತು, ರಾಮದುರ್ಗದ ಮಗ್ಗುಲಲ್ಲಿ ಸಾಗಿ, ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಕೂಡುತ್ತದೆ. ಹುಬ್ಬಳ್ಳಿ-ಧಾರವಾಡದ ಜನ ಕುಡಿಯುವುದೂ ಇದೇ ಜಲಾಶಯದ ನೀರನ್ನು. ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ 2018ರಲ್ಲಿ ದೇಶದ 351 ಕಲುಷಿತ ನದಿಪಾತ್ರಗಳನ್ನು ಪಟ್ಟಿ ಮಾಡಿತು. ಅದರಲ್ಲಿದ್ದ ಕರ್ನಾಟಕದ 17 ಪಾತ್ರಗಳಲ್ಲಿ ಖಾನಾಪುರದಿಂದ ರಾಮದುರ್ಗದವರೆಗಿನ ಮಲಪ್ರಭೆಯೂ ಒಂದು. ಈ ಮಾಲಿನ್ಯದಲ್ಲಿ ಚರಂಡಿ ನೀರಿನ ಪಾಲು ದೊಡ್ಡದು. ಆದರೆ ಚರಂಡಿಗೆ ಅಡ್ಡಗಟ್ಟುವ, ಹಳ್ಳದ ದಂಡೆಯಲ್ಲಿ ಕೊಳೆತು ಮಳೆಗೆ ಬಸಿಯುವ ಘನತ್ಯಾಜ್ಯವೂ ಅದಕ್ಕೆ ಜೊತೆಯಾಗುತ್ತದೆ. ಆದ್ದರಿಂದ ಈ ನಾಡಿನಲ್ಲಿ ಕಸದ ವಿಷಯವೆಂದರೆ ಕುಡಿಯುವ ನೀರಿನ ವಿಷಯವೂ ಹೌದು.

ತಿಪ್ಪೆಯ ಕಾಲ

ಎರಡು ತಲೆಮಾರಿನ ಹಿಂದೆ ಇಲ್ಲಿಯ ಹಳ್ಳಿಗಳಲ್ಲಿ ಎಸೆಯುವಂಥದ್ದು ಬಹಳ ಇರಲಿಲ್ಲ. ಸಗಣಿ, ಒಲೆಯ ಬೂದಿ, ದನ ತಿಂದು ಬಿಟ್ಟ ಜೋಳದ ದಂಟು, ಅಂಗಳ ಗುಡಿಸಿದ ಮಣ್ಣು ಎಲ್ಲವೂ ಮನೆಯ ಹಿಂದಿನ ತಿಪ್ಪೆಗೆ ಬೀಳುತ್ತಿದ್ದವು. ಬೇಸಿಗೆಯಲ್ಲಿ ತಿಪ್ಪೆ ಕಡಿದು ಚಕ್ಕಡಿಯಲ್ಲಿ ಹೇರಿ ಹೊಲಕ್ಕೆ ಹರಡಿದರೆ ಮುಂಗಾರಿನ ಹೊತ್ತಿಗೆ ಅದೇ ಗೊಬ್ಬರ. ಹರಿದ ಸೀರೆ, ಧೋತರ ಕೌದಿಯಾಗುತ್ತಿದ್ದವು. ಹಳೆಯ ಬಟ್ಟೆಯನ್ನು ಪದರಪದರವಾಗಿ ಹಾಸಿ, ಅಂಚಿನಿಂದ ನಡುವಿಗೆ ಸಾಲುಹೊಲಿಗೆ ಹಾಕುತ್ತ ಬಂದರೆ ಸವೆದ ಐದಾರು ಸೀರೆಗಳು ಇನ್ನೂ ಹಲವು ವರ್ಷ ಬಾಳುವ ಹೊದಿಕೆಯಾಗುತ್ತವೆ. ಒಡೆದ ತಾಮ್ರ, ಹಿತ್ತಾಳೆ, ಕಬ್ಬಿಣ ಗುಜರಿಗೆ ಹೋಗಿ ಮತ್ತೆ ಪಾತ್ರೆಯಾಗಿ ಬರುತ್ತಿತ್ತು.

ತಿಪ್ಪೆಯ ಈ ವ್ಯವಸ್ಥೆ ನಡೆದದ್ದು ಅದರಲ್ಲಿ ಬಿದ್ದದ್ದೆಲ್ಲ ಕೊಳೆಯುವಂಥದ್ದಾಗಿದ್ದರಿಂದ. ಗುಟಖಾ ಚೀಟಿ, ಶಾಂಪೂ ಸ್ಯಾಶೆ, ಹಾಲಿನ ಪಾಕೀಟು, ಕ್ಯಾರಿಬ್ಯಾಗ್, ಸತ್ತ ಬ್ಯಾಟರಿ ಸೆಲ್, ಕೀಟನಾಶಕದ ಬಾಟಲಿ ಅದರೊಳಗೆ ಬಂದು ಸೇರಿದ ಮೇಲೆ ತಿಪ್ಪೆ ಗೊಬ್ಬರವಾಗಿ ಉಳಿಯಲಿಲ್ಲ. ಹೊಲಕ್ಕೆ ಹಾಕಿದ ಗೊಬ್ಬರದ ಜೊತೆ ಪ್ಲಾಸ್ಟಿಕ್ ಚೂರೂ ಹೋಗಿ ಕುಂಟೆಯ ಕುಡಕ್ಕೆ ಸಿಕ್ಕಿಕೊಳ್ಳತೊಡಗಿತು. ಬೇರೆಬೇರೆಯಾಗಿದ್ದಾಗ ಒಂದೊಂದಕ್ಕೂ ಬೆಲೆಯಿರುವ ವಸ್ತುಗಳು ಬೆರೆತೊಡನೆ ಬೆಲೆ ಕಳೆದುಕೊಳ್ಳುತ್ತವೆ. ಇಂದಿನ ಕಸದ ಸಮಸ್ಯೆಯ ಬೇರು ಈ ಬೆರಕೆಯಲ್ಲಿದೆ. ಕಸ ನಿರ್ವಹಣೆಯ ಕಾನೂನು, ಯಂತ್ರ, ಖರ್ಚು ಎಲ್ಲವೂ ಈ ಬೆರಕೆಯನ್ನು ತಡೆಯಲು ಅಥವಾ ಬೆರೆತದ್ದನ್ನು ಮತ್ತೆ ಬಿಡಿಸಲು ಹುಟ್ಟಿಕೊಂಡವು.

ಎಷ್ಟು ಕಸ, ಯಾವ ಬಗೆ

ಸಣ್ಣ ಊರುಗಳಲ್ಲಿ ಒಬ್ಬ ವ್ಯಕ್ತಿಯಿಂದ ದಿನಕ್ಕೆ 200ರಿಂದ 300 ಗ್ರಾಂ ಕಸ ಹುಟ್ಟುತ್ತದೆ ಎಂಬುದು ಯೋಜನೆ ಮಾಡುವವರು ಬಳಸುವ ಅಂದಾಜು. 2011ರ ಜನಗಣತಿಯಂತೆ ಬೈಲಹೊಂಗಲದ ಜನಸಂಖ್ಯೆ ಸುಮಾರು 49 ಸಾವಿರ, ಸವದತ್ತಿಯದು ಸುಮಾರು 41 ಸಾವಿರ. ಆ ಲೆಕ್ಕ ಹಿಡಿದರೆ ಬೈಲಹೊಂಗಲ ಒಂದರಲ್ಲೇ ದಿನಕ್ಕೆ 10ರಿಂದ 15 ಟನ್, ಸವದತ್ತಿಯಲ್ಲಿ 8ರಿಂದ 12 ಟನ್ ಕಸ. ಇದರಲ್ಲಿ ಅರ್ಧದಷ್ಟು ಅಡುಗೆಮನೆ ಮತ್ತು ಸಂತೆಯ ಹಸಿ ಕಸ. ಉಳಿದದ್ದು ಕಾಗದ, ರಟ್ಟು, ಪ್ಲಾಸ್ಟಿಕ್, ಗಾಜು, ಲೋಹ, ಬಟ್ಟೆ, ಜೊತೆಗೆ ರಸ್ತೆ ಗುಡಿಸಿದ ಮಣ್ಣು. ತೂಕದಲ್ಲಿ ತೀರ ಕಡಿಮೆ, ಅಪಾಯದಲ್ಲಿ ಎಲ್ಲಕ್ಕಿಂತ ಹೆಚ್ಚು ಆಗಿರುವುದು ಮೂರನೆಯ ಪಾಲು: ಬ್ಯಾಟರಿ, ಟ್ಯೂಬ್‌ಲೈಟ್, ಬಣ್ಣದ ಡಬ್ಬಿ, ಅವಧಿ ಮೀರಿದ ಔಷಧಿ, ಸೂಜಿ, ಕೀಟನಾಶಕದ ಡಬ್ಬಿ.

ಕಾನೂನು ಬೆಳೆದ ಬಗೆ

1984ರ ಭೋಪಾಲ ಅನಿಲ ದುರಂತದ ನಂತರ ಸಂಸತ್ತು 1986ರಲ್ಲಿ ಪರಿಸರ ಸಂರಕ್ಷಣಾ ಕಾಯ್ದೆಯನ್ನು ತಂದಿತು. ಕಸದ ಬಗೆಗಿನ ನಿಯಮಗಳೆಲ್ಲ ಈ ಕಾಯ್ದೆಯ ಅಡಿಯಲ್ಲೇ ಬಂದವು. 1989ರಲ್ಲಿ ಅಪಾಯಕಾರಿ ತ್ಯಾಜ್ಯದ ನಿಯಮಗಳು, 1998ರಲ್ಲಿ ಜೈವಿಕ ವೈದ್ಯಕೀಯ ತ್ಯಾಜ್ಯದ ನಿಯಮಗಳು ಜಾರಿಯಾದವು. ಊರ ಕಸಕ್ಕೆ ಕಾನೂನು ಬರಲು ಬೆಂಗಳೂರಿನ ಆಲ್ಮಿತ್ರಾ ಪಟೇಲ್ ಕಾರಣರಾದರು. 1996ರಲ್ಲಿ ಅವರು ಸುಪ್ರೀಂ ಕೋರ್ಟಿಗೆ ಸಲ್ಲಿಸಿದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯ ಫಲವಾಗಿ ನಗರ ಘನತ್ಯಾಜ್ಯದ ಮೊದಲ ನಿಯಮಗಳು 2000ದಲ್ಲಿ ಬಂದವು.

2016ರಲ್ಲಿ ಘನತ್ಯಾಜ್ಯ, ಪ್ಲಾಸ್ಟಿಕ್, ಇ-ತ್ಯಾಜ್ಯ, ವೈದ್ಯಕೀಯ ತ್ಯಾಜ್ಯ, ಅಪಾಯಕಾರಿ ತ್ಯಾಜ್ಯ, ಕಟ್ಟಡ ಕೆಡವಿದ ತ್ಯಾಜ್ಯ ಇವೆಲ್ಲಕ್ಕೂ ಹೊಸ ನಿಯಮಗಳು ಬಂದವು. ಮನೆಯಲ್ಲೇ ಹಸಿ, ಒಣ, ಅಪಾಯಕಾರಿ ಎಂದು ಮೂರು ಪಾಲು ಮಾಡಿಕೊಡುವುದು ಅಂದಿನಿಂದ ಪ್ರತಿ ಕುಟುಂಬದ ಹೊಣೆಯಾಯಿತು. 2022ರಲ್ಲಿ ಬ್ಯಾಟರಿಗೆ ಹೊಸ ನಿಯಮ ಬಂತು. ಘನತ್ಯಾಜ್ಯದ 2026ರ ನಿಯಮಗಳು ಅದೇ ವರ್ಷದ ಏಪ್ರಿಲ್ 1ರಿಂದ ಹಳೆಯವುಗಳ ಜಾಗಕ್ಕೆ ಬಂದಿವೆ. ಅವು ಡೈಪರ್, ಸ್ಯಾನಿಟರಿ ಪ್ಯಾಡ್‌ನಂಥ ಕಸವನ್ನೂ ಬೇರೆಯಾಗಿಸಿ ವಿಂಗಡಣೆಯನ್ನು ನಾಲ್ಕು ಪಾಲು ಮಾಡಿವೆ.

ಈ ನಿಯಮಗಳನ್ನು ನಡೆಸುವ ಹೊಣೆ ಹಂಚಿಹೋಗಿದೆ. ಕಸ ಎತ್ತುವುದು, ಸಾಗಿಸುವುದು, ಸಂಸ್ಕರಿಸುವುದು ಪಟ್ಟಣದಲ್ಲಿ ಪುರಸಭೆ ಅಥವಾ ಪಟ್ಟಣ ಪಂಚಾಯಿತಿಯ, ಹಳ್ಳಿಯಲ್ಲಿ ಗ್ರಾಮ ಪಂಚಾಯಿತಿಯ ಕೆಲಸ. ಕಾರ್ಖಾನೆ, ಆಸ್ಪತ್ರೆಗಳಿಗೆ ಅನುಮತಿ ಕೊಟ್ಟು ತಪಾಸಣೆ ಮಾಡುವುದು 1974ರಲ್ಲಿ ಸ್ಥಾಪನೆಯಾದ ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿಯ ಕೆಲಸ. ಪರಿಸರ ಸಂರಕ್ಷಣಾ ಕಾಯ್ದೆಗೆ 2023ರಲ್ಲಿ ಆದ ತಿದ್ದುಪಡಿಯಂತೆ ಈಗ ನಿಯಮ ಮುರಿದವರಿಗೆ 10 ಸಾವಿರದಿಂದ 15 ಲಕ್ಷ ರೂಪಾಯಿವರೆಗೆ ದಂಡ ಹಾಕಬಹುದು.

ಹಸಿ ಕಸ ಗೊಬ್ಬರವಾಗುವ ಬಗೆ

ಹಸಿ ಕಸವನ್ನು ಬೇರೆಯಾಗಿ ತಂದರೆ ಮುಂದಿನ ಕೆಲಸ ಕಷ್ಟದ್ದಲ್ಲ. ಸಂತೆಯ ಸೊಪ್ಪು, ಹೋಟೆಲಿನ ಉಳಿಕೆ, ಮನೆಯ ಸಿಪ್ಪೆಯನ್ನು ಒಣ ಎಲೆ ಅಥವಾ ಸಗಣಿಯ ಜೊತೆ ಉದ್ದ ಒಟ್ಟಿಲಾಗಿ ಹಾಕುತ್ತಾರೆ. ಹಿಡಿಯಷ್ಟು ತೆಗೆದು ಹಿಂಡಿದರೆ ಕೈ ಒದ್ದೆಯಾಗಬೇಕು, ನೀರು ತೊಟ್ಟಿಕ್ಕಬಾರದು. ಅಷ್ಟು ತೇವ ಸಾಕು. ಒಂದೆರಡು ದಿನದಲ್ಲಿ ಒಟ್ಟಿಲಿನ ಒಳಗೆ ಸೂಕ್ಷ್ಮಜೀವಿಗಳ ಕೆಲಸ ಶುರುವಾಗಿ ಕಾವು 55 ಡಿಗ್ರಿ ದಾಟುತ್ತದೆ. ರೋಗಾಣುಗಳನ್ನು ಮತ್ತು ಕಳೆಬೀಜವನ್ನು ಕೊಲ್ಲುವುದು ಈ ಕಾವೇ. ವಾರಕ್ಕೊಮ್ಮೆ ಮಗುಚಿ ಗಾಳಿ ಆಡಿಸಿದರೆ ನಾತ ಬರುವುದಿಲ್ಲ. ಮಗುಚದೆ ಬಿಟ್ಟರೆ ಒಳಗೆ ಗಾಳಿಯಿಲ್ಲದೆ ಕೊಳೆತು ಮೀಥೇನ್ ಹುಟ್ಟುತ್ತದೆ, ಕಪ್ಪು ರಸ ಬಸಿಯುತ್ತದೆ. ಐದಾರು ವಾರದಲ್ಲಿ ಒಟ್ಟಿಲು ತಣ್ಣಗಾಗಿ, ಮಣ್ಣಿನ ವಾಸನೆ ಬರತೊಡಗಿದಾಗ ಜರಡಿ ಹಿಡಿಯುತ್ತಾರೆ.

ಈ ಗೊಬ್ಬರ ಮಾರಾಟಕ್ಕೆ ಹೋಗಬೇಕಾದರೆ 1985ರ ರಸಗೊಬ್ಬರ ನಿಯಂತ್ರಣ ಆದೇಶದ ಅಳತೆಗೆ ನಿಲ್ಲಬೇಕು. ನಗರ ಕಾಂಪೋಸ್ಟ್‌ನಲ್ಲಿ ಶೇ 90 ಭಾಗ 4 ಮಿಲಿಮೀಟರ್ ಜರಡಿಯಲ್ಲಿ ಇಳಿಯಬೇಕು; ಒಂದು ಕಿಲೋದಲ್ಲಿ ಸೀಸ 100 ಮಿಲಿಗ್ರಾಂ, ಕ್ಯಾಡ್ಮಿಯಂ 5 ಮಿಲಿಗ್ರಾಂ, ಪಾದರಸ 0.15 ಮಿಲಿಗ್ರಾಂ ಮೀರಬಾರದು. ಮನೆಯವರು ಹಸಿ ಕಸದೊಳಗೆ ಎಸೆಯುವ ಬ್ಯಾಟರಿ, ಒಡೆದ ಟ್ಯೂಬ್‌ಲೈಟ್ ಈ ಅಳತೆಯನ್ನು ಕೆಡಿಸುತ್ತವೆ. ಬೆರೆತ ಕಸದಿಂದ ಮಾಡಿದ ಕಾಂಪೋಸ್ಟ್‌ನ್ನು ರೈತ ಮುಟ್ಟದಿರುವುದಕ್ಕೆ ಕಾರಣ ಅವನ ಹಟವಲ್ಲ, ಅನುಭವ. ಬೈಲಹೊಂಗಲ, ಸವದತ್ತಿಯ ಎರೆ ಭೂಮಿಗೆ ಸಾವಯವ ಅಂಶದ ಕೊರತೆಯಿದೆ, ಊರಿನಲ್ಲಿ ಹಸಿ ಕಸ ರಾಶಿಯಾಗಿದೆ. ನಡುವೆ ಇರಬೇಕಾದ ಕೊಂಡಿ ಶುದ್ಧ ವಿಂಗಡಣೆ.

ಒಣ ಕಸ ಮತ್ತು ಗುಜರಿ

ಒಣ ಕಸದಲ್ಲಿ ಕಬ್ಬಿಣ, ಅಲ್ಯೂಮಿನಿಯಂ, ರಟ್ಟು, ನೀರಿನ ಬಾಟಲಿ, ಗಟ್ಟಿ ಪ್ಲಾಸ್ಟಿಕ್ ಕೊಳ್ಳುವವರಿದ್ದಾರೆ. ಆಯುವವರು, ಸೈಕಲ್ ಮೇಲೆ ಓಣಿ ಓಣಿ ತಿರುಗುವ ಗುಜರಿ ವ್ಯಾಪಾರಿ, ಊರಿನ ಗುಜರಿ ಅಂಗಡಿ, ದೊಡ್ಡ ಊರಿನ ಸಗಟು ವ್ಯಾಪಾರಿ, ಕೊನೆಗೆ ಕರಗಿಸುವ ಕಾರ್ಖಾನೆ. ಸರಪಳಿ ಹೀಗೆ ಸಾಗುತ್ತದೆ. ಸರ್ಕಾರದ ಯಾವ ಯೋಜನೆಗೂ ಮೊದಲಿನಿಂದ ಮರುಬಳಕೆಯನ್ನು ನಡೆಸಿಕೊಂಡು ಬಂದವರು ಈ ಜನ. ಪುರಸಭೆಗಳು ಇವರಿಗೆ ಗುರುತಿನ ಚೀಟಿ, ಕೈಗವಸು, ವಿಂಗಡಿಸಲು ನೆರಳಿನ ಜಾಗ ಕೊಟ್ಟರೆ ಕಸದ ಗುಡ್ಡದ ಎತ್ತರ ತಾನಾಗಿ ಇಳಿಯುತ್ತದೆ.

ಯಾರೂ ಕೊಳ್ಳದಿರುವುದು ಕುರುಕುಲು ತಿಂಡಿಯ ಹೊಳಪಿನ ಪಾಕೀಟು, ಸ್ಯಾಶೆ, ಕೊಳೆ ಮೆತ್ತಿದ ತೆಳು ಚೀಲ. ಪದರದ ಮೇಲೆ ಪದರ ಅಂಟಿಸಿದ ಈ ವಸ್ತುಗಳನ್ನು ಬಿಡಿಸಿ ಕರಗಿಸುವುದು ಲಾಭದ ಕೆಲಸವಲ್ಲ. ಬೀದಿಯಲ್ಲಿ ಗುಡ್ಡೆ ಹಾಕಿ ಕಡ್ಡಿ ಗೀರಿದರೆ ಅರೆಬೆಂದ ಹೊಗೆಯಲ್ಲಿ ಡಯಾಕ್ಸಿನ್‌ನಂಥ ವಿಷ ಹೊರಬರುತ್ತದೆ. ಅದಕ್ಕೆಂದೇ ಬಯಲಲ್ಲಿ ಕಸ ಸುಡುವುದು ಅಪರಾಧ. ಸಿಮೆಂಟ್ ಗೂಡಿನೊಳಗೆ 1,400 ಡಿಗ್ರಿ ದಾಟುವ ಶಾಖದಲ್ಲಿ ಇದನ್ನು ಕಲ್ಲಿದ್ದಲ ಜೊತೆ ಉರಿಸಿದರೆ ಆ ವಿಷಗಳು ಒಡೆದುಹೋಗುತ್ತವೆ, ಬೂದಿಯೂ ಸಿಮೆಂಟಿನಲ್ಲಿ ಬೆರೆಯುತ್ತದೆ. ರಾಮದುರ್ಗದಿಂದ ಬಹಳ ದೂರವಿಲ್ಲದ ಯಾದವಾಡ, ಮುದ್ದಾಪುರದ ಸುಣ್ಣದಕಲ್ಲಿನ ಪಟ್ಟಿಯಲ್ಲಿ ದೊಡ್ಡ ಸಿಮೆಂಟ್ ಕಾರ್ಖಾನೆಗಳಿರುವುದು ಈ ನಾಡಿಗೆ ಇರುವ ಅನುಕೂಲ. ಒಣಗಿಸಿ, ವಿಂಗಡಿಸಿ, ಒತ್ತಿ ಕಟ್ಟಿದ ಪ್ಲಾಸ್ಟಿಕ್ ಮಾತ್ರ ಅಂಥ ಗೂಡಿಗೆ ಇಂಧನವಾಗಬಲ್ಲದು.

ಮೂಲದಲ್ಲೇ ತಡೆಯಲು ಕರ್ನಾಟಕ 2016ರ ಮಾರ್ಚ್‌ನಲ್ಲಿ ಪ್ಲಾಸ್ಟಿಕ್ ಕ್ಯಾರಿಬ್ಯಾಗ್, ತಟ್ಟೆ, ಲೋಟಗಳನ್ನು ನಿಷೇಧಿಸಿತು. ಒಮ್ಮೆ ಬಳಸಿ ಎಸೆಯುವ ಹಲವು ಪ್ಲಾಸ್ಟಿಕ್ ವಸ್ತುಗಳಿಗೆ 2022ರ ಜುಲೈ 1ರಿಂದ ದೇಶದಾದ್ಯಂತ ನಿಷೇಧ ಬಂತು. ಪ್ಲಾಸ್ಟಿಕ್ ಪಾಕೀಟಿನಲ್ಲಿ ಸರಕು ಮಾರುವ ಕಂಪನಿಯೇ ಅಷ್ಟು ಪ್ಲಾಸ್ಟಿಕ್ ಮರಳಿ ಸಂಗ್ರಹಿಸುವ ಹೊಣೆ ಹೊರಬೇಕೆಂಬ ಉತ್ಪಾದಕರ ವಿಸ್ತೃತ ಹೊಣೆಗಾರಿಕೆಯೂ ಈಗ ಕಾನೂನಿನಲ್ಲಿದೆ.

ಎಲ್ಲಮ್ಮನ ಗುಡ್ಡ

ಸವದತ್ತಿಯ ಎಲ್ಲಮ್ಮನ ಗುಡ್ಡದ ಕಸಕ್ಕೆ ಊರ ಕಸದ ಲೆಕ್ಕ ಹತ್ತುವುದಿಲ್ಲ. ಬನದ ಹುಣ್ಣಿಮೆ, ಭಾರತ ಹುಣ್ಣಿಮೆಗೆ ಉತ್ತರ ಕರ್ನಾಟಕ, ಮಹಾರಾಷ್ಟ್ರ, ಗೋವಾ, ಆಂಧ್ರ, ತೆಲಂಗಾಣಗಳಿಂದ ಲಕ್ಷಗಟ್ಟಲೆ ಭಕ್ತರು ಬರುತ್ತಾರೆ. ಚಕ್ಕಡಿ, ಟ್ರ್ಯಾಕ್ಟರ್, ಲಾರಿಗಳಲ್ಲಿ ಬಂದವರು ಬಯಲಲ್ಲೇ ಬಿಡಾರ ಹೂಡಿ, ಒಲೆ ಹೂಡಿ, ಹೋಳಿಗೆ-ಕಡುಬು ಮಾಡಿ, ದೇವಿಯ ಪಡಲಿಗೆ ತುಂಬಿಸಿ, ಜೋಗುಳಬಾವಿ, ಎಣ್ಣೆಹೊಂಡಗಳಲ್ಲಿ ಮಿಂದು ಹೋಗುತ್ತಾರೆ. ಹಿಂದೆ ಉಳಿಯುವುದು ಬಾಳೆಎಲೆ, ಕಾಯಿಯ ಚಿಪ್ಪು, ಊಟದ ಉಳಿಕೆ, ಒಡೆದ ಬಳೆ, ಬಿಟ್ಟುಹೋದ ಬಟ್ಟೆ, ಭಂಡಾರದ ಪಾಕೀಟು, ನೀರಿನ ಬಾಟಲಿ, ಪ್ಲಾಸ್ಟಿಕ್ ಲೋಟ. ಗುಡ್ಡದ ಇಳಿಜಾರು ರೇಣುಕಾಸಾಗರದ ಕಡೆಗೇ ಇರುವುದರಿಂದ ಮಳೆ ಬಂದಾಗ ಉಳಿದ ಕಸದ ದಾರಿ ಯಾವುದೆಂದು ಹೇಳಬೇಕಿಲ್ಲ.

ಈ ಕಸದಲ್ಲಿ ದೊಡ್ಡ ಪಾಲು ಕೊಳೆಯುವಂಥದ್ದು. ಬಿಡಾರದ ಸಾಲಿಗೊಂದರಂತೆ ಎಲೆ-ಅನ್ನಕ್ಕೆ ಬೇರೆ ತೊಟ್ಟಿ, ಕಾಯಿಚಿಪ್ಪಿಗೆ ಬೇರೆ ತೊಟ್ಟಿ, ಬಟ್ಟೆಗೆ ಬೇರೆ ಗೂಡು ಇಟ್ಟರೆ ಅರ್ಧಕ್ಕಿಂತ ಹೆಚ್ಚು ಭಾಗ ಗುಡ್ಡದ ಮೇಲೆಯೇ ಗೊಬ್ಬರವಾಗಬಲ್ಲದು. ತೀರ್ಥಕ್ಷೇತ್ರಗಳಿಗೂ ಈ ನಿಯಮಗಳು ಅನ್ವಯಿಸುತ್ತವೆ ಎಂದು 2016ರ ನಿಯಮಾವಳಿ ಸ್ಪಷ್ಟವಾಗಿ ಹೇಳಿತ್ತು. ಪರವಾನಗಿ ಇಲ್ಲದ ಜಾಗದಲ್ಲಿ ನೂರಕ್ಕಿಂತ ಹೆಚ್ಚು ಜನ ಸೇರುವ ಯಾವುದೇ ಸಮಾರಂಭಕ್ಕೆ ಕನಿಷ್ಠ ಮೂರು ಕೆಲಸದ ದಿನ ಮೊದಲು ಸ್ಥಳೀಯ ಸಂಸ್ಥೆಗೆ ತಿಳಿಸಿ, ಕಸ ವಿಂಗಡಿಸಿ ಕೊಡಬೇಕೆಂಬ ವಿಧಿಯನ್ನೂ ಅದು ತಂದಿತು. ಅಂಥ ಜಾಗದಲ್ಲಿ ನಡೆಯುವ ಮದುವೆ, ಜಾತ್ರೆ, ಉತ್ಸವ ಯಾವುದೂ ಇದರಿಂದ ಹೊರತಾಗಿರಲಿಲ್ಲ. ಎಲ್ಲಮ್ಮನ ಗುಡ್ಡದ ಅಭಿವೃದ್ಧಿಗೆ ಕೇಂದ್ರ ಸರ್ಕಾರ 2024ರಲ್ಲಿ 100 ಕೋಟಿ ರೂಪಾಯಿಯ ಯೋಜನೆಗೆ ಒಪ್ಪಿಗೆ ನೀಡಿದೆ. ಕಟ್ಟಡ, ರಸ್ತೆಗಳಿಗೆ ಕೊಟ್ಟಷ್ಟೇ ಲಕ್ಷ್ಯವನ್ನು ಕಸಕ್ಕೂ ಕೊಟ್ಟರೆ ಮಾತ್ರ ಕ್ಷೇತ್ರದ ಅಭಿವೃದ್ಧಿ ಎಂಬ ಮಾತಿಗೆ ಅರ್ಥ ಬರುತ್ತದೆ.

ಸಕ್ಕರೆ ಕಾರ್ಖಾನೆಯ ಉಳಿಕೆ

ಮಲಪ್ರಭೆಯ ಸೀಮೆ ಕಬ್ಬಿನ ಸೀಮೆಯೂ ಹೌದು. ಎಂ.ಕೆ. ಹುಬ್ಬಳ್ಳಿಯ ಸಹಕಾರಿ ಕಾರ್ಖಾನೆಯಿಂದ ಹಿಡಿದು ಮುನವಳ್ಳಿ, ರಾಮದುರ್ಗದ ಕಡೆಯವರೆಗೆ ಸಕ್ಕರೆ ಕಾರ್ಖಾನೆಗಳಿವೆ. ದಿನಕ್ಕೆ 5,000 ಟನ್ ಕಬ್ಬು ಅರೆಯುವ ಒಂದು ಕಾರ್ಖಾನೆಯಿಂದ ಸುಮಾರು 1,500 ಟನ್ ಸಿಪ್ಪೆ, ರಸ ಸೋಸಿದಾಗ ಉಳಿಯುವ 150ರಿಂದ 200 ಟನ್ ಪ್ರೆಸ್‌ಮಡ್, 200 ಟನ್‌ಗೂ ಹೆಚ್ಚು ಕಾಕಂಬಿ ಹೊರಬರುತ್ತದೆ. ಸಿಪ್ಪೆ ಬಾಯ್ಲರಿನಲ್ಲಿ ಉರಿದು ವಿದ್ಯುತ್ತಾಗುತ್ತದೆ, ಪ್ರೆಸ್‌ಮಡ್ ಗೊಬ್ಬರವಾಗುತ್ತದೆ, ಕಾಕಂಬಿಯಿಂದ ಮದ್ಯಸಾರ ಮತ್ತು ಎಥೆನಾಲ್ ಬರುತ್ತವೆ. ಎಸೆಯುವುದಕ್ಕೆ ಬಹುತೇಕ ಏನೂ ಉಳಿಯದಂತೆ ನಡೆಸಬಹುದಾದ ಉದ್ಯಮ ಇದು.

ಕಷ್ಟ ಇರುವುದು ಡಿಸ್ಟಿಲರಿಯಲ್ಲಿ. ಒಂದು ಲೀಟರ್ ಮದ್ಯಸಾರಕ್ಕೆ 8ರಿಂದ 15 ಲೀಟರ್‌ನಷ್ಟು ಕಂದುಬಣ್ಣದ ಸ್ಪೆಂಟ್‌ವಾಶ್ ಉಳಿಯುತ್ತದೆ. ಇದು ಹಳ್ಳಕ್ಕೆ ಸೇರಿದರೆ ನೀರಿನ ಆಮ್ಲಜನಕವನ್ನೆಲ್ಲ ಹೀರಿಕೊಂಡು ಮೀನುಗಳನ್ನು ಕೊಲ್ಲುತ್ತದೆ. ಆದ್ದರಿಂದ ಒಂದು ಹನಿಯನ್ನೂ ಹೊರಬಿಡದಂತೆ ನಡೆಸಬೇಕೆಂಬುದು ಡಿಸ್ಟಿಲರಿಗಳಿಗಿರುವ ನಿಯಮ. ಸ್ಪೆಂಟ್‌ವಾಶ್‌ನ್ನು ಪ್ರೆಸ್‌ಮಡ್ ಜೊತೆ ಕಾಂಪೋಸ್ಟ್ ಮಾಡುವುದು, ಇಲ್ಲವೇ ಇಂಗಿಸಿ ಬಾಯ್ಲರಿನಲ್ಲಿ ಉರಿಸಿ ಬೂದಿಯಿಂದ ಪೊಟ್ಯಾಶ್ ತೆಗೆಯುವುದು ಈಗಿನ ದಾರಿ. ಅತಿ ಹೆಚ್ಚು ಮಾಲಿನ್ಯದ ಸಾಧ್ಯತೆಯಿರುವ 17 ಬಗೆಯ ಉದ್ಯಮಗಳಲ್ಲಿ ಸಕ್ಕರೆ, ಡಿಸ್ಟಿಲರಿ ಎರಡೂ ಸೇರಿರುವುದರಿಂದ ಇವುಗಳ ವಿಸರ್ಜನೆಯನ್ನು ಆನ್‌ಲೈನ್ ಮಾಪಕಗಳು ಹಗಲಿರುಳು ದಾಖಲಿಸಬೇಕು.

ಕಬ್ಬು ಕಡಿದ ಮೇಲೆ ಹೊಲದಲ್ಲಿ ಉಳಿಯುವ ರವದಿ ಹೆಕ್ಟೇರಿಗೆ 8ರಿಂದ 10 ಟನ್. ಅದಕ್ಕೆ ಬೆಂಕಿ ಹಚ್ಚಿದರೆ ಹೊಗೆಯ ಜೊತೆ ಮಣ್ಣಿನ ಜೀವವೂ ಹೋಗುತ್ತದೆ. ಸಾಲು ಬಿಟ್ಟು ಸಾಲಿಗೆ ಹಾಸಿದರೆ ಅದೇ ತೇವ ಹಿಡಿದಿಟ್ಟು, ಕಳೆ ತಡೆದು, ವರ್ಷದೊಳಗೆ ಗೊಬ್ಬರವಾಗುತ್ತದೆ.

ವಿಷದ ಪಾಲು

ಅಪಾಯಕಾರಿ ತ್ಯಾಜ್ಯವೆಂದರೆ ದೂರದ ರಾಸಾಯನಿಕ ಕಾರ್ಖಾನೆಯದು ಎಂಬ ತಿಳಿವಳಿಕೆ ಸರಿಯಲ್ಲ. ಗ್ಯಾರೇಜಿನಲ್ಲಿ ಬದಲಿಸಿದ ಎಂಜಿನ್ ಆಯಿಲ್, ಕಾರ್ಖಾನೆಯ ಗೇರಿನಿಂದ ತೆಗೆದ ಎಣ್ಣೆ, ಟ್ರ್ಯಾಕ್ಟರಿನ ಹಳೆಯ ಬ್ಯಾಟರಿ ಎಲ್ಲವೂ ಅದೇ ಜಾತಿ. ಬ್ಯಾಟರಿಯನ್ನು ಅಂಗಡಿಯ ಮುಂದೆ ಒಡೆದು ಆಮ್ಲ ಚರಂಡಿಗೆ ಚೆಲ್ಲಿ ಸೀಸ ತೆಗೆಯುವುದು ಒಡೆಯುವವನ ರಕ್ತಕ್ಕೂ ಅಕ್ಕಪಕ್ಕದ ಮಕ್ಕಳ ಮಿದುಳಿಗೂ ವಿಷ. ಹೊಸ ಬ್ಯಾಟರಿ ಕೊಳ್ಳುವಾಗ ಹಳೆಯದನ್ನು ಮಾರಾಟಗಾರನಿಗೇ ಒಪ್ಪಿಸುವುದು ಸರಿಯಾದ ದಾರಿ.

ಹತ್ತಿ, ಕಡಲೆ, ತರಕಾರಿ ಬೆಳೆಯುವ ಹೊಲಗಳ ಬದುವಿನಲ್ಲಿ ಕೀಟನಾಶಕದ ಖಾಲಿ ಬಾಟಲಿಗಳು ಬಿದ್ದಿರುತ್ತವೆ. ಬಾಟಲಿಯನ್ನು ಮೂರು ಸಲ ತೊಳೆದು, ತೊಳೆದ ನೀರನ್ನು ಸಿಂಪಡಣೆಯ ಟ್ಯಾಂಕಿಗೇ ಸುರಿದು, ತೂತು ಮಾಡಿ, ಮತ್ತೆ ಯಾರೂ ಬಳಸದಂತೆ ಮಾಡಬೇಕು. ಖಾಲಿ ಡಬ್ಬಿ ಹೊರಗೆ ಬಿಡದೆ ಒಡೆದು ವಸತಿಯಿಂದ ದೂರ ಹೂಳಬೇಕೆಂದು 1971ರ ಕೀಟನಾಶಕ ನಿಯಮಗಳೇ ಹೇಳುತ್ತವೆ. ಹಳ್ಳದಲ್ಲಿ ತೊಳೆಯುವುದು, ಮನೆಯಲ್ಲಿ ಎಣ್ಣೆ ಹಾಕಿಡಲು ಬಳಸುವುದು ಜೀವದ ಜೊತೆಗಿನ ಆಟ.

ಆಸ್ಪತ್ರೆ, ಕ್ಲಿನಿಕ್, ಲ್ಯಾಬ್‌ಗಳ ತ್ಯಾಜ್ಯಕ್ಕೆ ನಾಲ್ಕು ಬಣ್ಣ. ರಕ್ತ ಹತ್ತಿದ ಬಟ್ಟೆ, ಅಂಗಾಂಶ ಹಳದಿಗೆ, ಸಲೈನ್ ಕೊಳವೆಯಂಥ ಪ್ಲಾಸ್ಟಿಕ್ ಕೆಂಪಿಗೆ, ಸೂಜಿ, ಬ್ಲೇಡು ಚುಚ್ಚಿ ಹೊರಬಾರದ ಬಿಳಿ ಡಬ್ಬಿಗೆ, ಗಾಜು ನೀಲಿಗೆ. ಸಂಸ್ಕರಿಸದೆ 48 ಗಂಟೆಗಿಂತ ಹೆಚ್ಚು ಇಡುವಂತಿಲ್ಲ. ಒಂದು ಸೂಜಿ ಊರ ಕಸದಲ್ಲಿ ಬಿದ್ದರೆ ಅದು ಚುಚ್ಚುವುದು ಕಸ ಎತ್ತುವವರ ಕೈಗೆ.

ಕಾರ್ಖಾನೆಯ ಅಪಾಯಕಾರಿ ತ್ಯಾಜ್ಯವನ್ನು ಸಾಮಾನ್ಯವಾಗಿ 90 ದಿನಕ್ಕಿಂತ ಹೆಚ್ಚು ಇಟ್ಟುಕೊಳ್ಳುವಂತಿಲ್ಲ. ಲಾರಿಗೆ ಏರಿಸುವಾಗ ಏಳು ಬಣ್ಣದ ಪ್ರತಿಗಳ ಸಾಗಣೆ ಪತ್ರ ಬರೆಯಬೇಕು. ಬಿಳಿ ಪ್ರತಿ ಮಂಡಳಿಗೆ, ಹಳದಿ ಕಳಿಸಿದವರಲ್ಲಿ, ಗುಲಾಬಿ ಪಡೆದವರಲ್ಲಿ, ಕಿತ್ತಳೆ ಸಾಗಿಸಿದವರಲ್ಲಿ. ತಲುಪಿದ ಮೇಲೆ ಪಡೆದವರು ಹಸಿರು ಪ್ರತಿಯನ್ನು ಮಂಡಳಿಗೆ, ನೀಲಿಯನ್ನು ಕಳಿಸಿದವರಿಗೆ ಮರಳಿಸಬೇಕು. ಸರಕು ರಾಜ್ಯ ದಾಟಿದರೆ ಬೂದುಬಣ್ಣದ್ದು ಕಳಿಸಿದವರ ರಾಜ್ಯದ ಮಂಡಳಿಗೆ. ನೀಲಿ ಪ್ರತಿ ಮರಳಿ ಬರದಿದ್ದರೆ ಸರಕು ದಾರಿಯಲ್ಲಿ ಎಲ್ಲಿಯೋ ಸುರಿದುಹೋಗಿದೆಯೇ ಎಂದು ವಿಚಾರಿಸಬೇಕು. ಮರುಬಳಕೆಗೆ ಬಾರದ ಇಂಥ ತ್ಯಾಜ್ಯವನ್ನು ಹೂಳುವ ರಾಜ್ಯದ ದೊಡ್ಡ ನೆಲೆ ಬೆಂಗಳೂರಿನ ಹತ್ತಿರ ದಾಬಸ್‌ಪೇಟೆಯಲ್ಲಿದೆ. ಬೈಲಹೊಂಗಲದಿಂದ ಅದು ಸುಮಾರು 400 ಕಿಲೋಮೀಟರ್. ಈ ದೂರದ ಖರ್ಚು ಉಳಿಸುವ ಆಸೆಗೆ ಕಡಿವಾಣ ಹಾಕುವುದು ಆ ಏಳು ಪ್ರತಿಗಳ ಲೆಕ್ಕ.

ಕೊನೆಯ ನಿಲ್ದಾಣ

ಎಲ್ಲ ಬಗೆ ಬೇರೆಯಾದ ಮೇಲೆ ಉಳಿಯುವ ಮಣ್ಣು, ಒಡಕು, ಬೂದಿ ಮಾತ್ರ ನೆಲಭರ್ತಿಗೆ ಹೋಗಬೇಕು. 2016ರ ನಿಯಮಗಳ ಪ್ರಕಾರ ನೆಲಭರ್ತಿಯ ಜಾಗ ನದಿಯಿಂದ 100 ಮೀಟರ್, ಕೆರೆ, ಹೆದ್ದಾರಿ, ವಸತಿ, ಕುಡಿಯುವ ನೀರಿನ ಬಾವಿಗಳಿಂದ 200 ಮೀಟರ್ ದೂರವಿರಬೇಕಿತ್ತು. ತಳಕ್ಕೆ ನೀರಿಳಿಯದ ಹಾಸು ಬೇಕು, ಬಸಿದ ರಸವನ್ನು ಹಿಡಿಯಬೇಕು. 2019ರ ಆಗಸ್ಟ್‌ನಲ್ಲಿ ಮಲಪ್ರಭೆ ಉಕ್ಕಿ ರಾಮದುರ್ಗಕ್ಕೆ ನುಗ್ಗಿದ್ದನ್ನು ನೆನೆದರೆ ನದಿಬದಿಯಲ್ಲಿ ಕಸ ಸುರಿಯುವುದು ಎಂಥ ಅವಿವೇಕ ಎಂದು ತಿಳಿಯುತ್ತದೆ. ಹಳೆಯ ರಾಶಿಗಳನ್ನು ಅಗೆದು, ಒಣಗಿಸಿ, ಉರುಳು ಜರಡಿಯಲ್ಲಿ ಮಣ್ಣು, ಪ್ಲಾಸ್ಟಿಕ್, ಕಲ್ಲು ಬೇರ್ಪಡಿಸಿ ನೆಲವನ್ನು ಮರಳಿ ಪಡೆಯುವ ಕೆಲಸಕ್ಕೆ 2021ರಲ್ಲಿ ಶುರುವಾದ ನಗರ ಸ್ವಚ್ಛ ಭಾರತ ಮಿಷನ್‌ನ ಎರಡನೆಯ ಹಂತ ಹಣ ಕೊಟ್ಟಿದೆ.

ಕೆಲಸ ಮಾಡುವ ಕೈಗಳು

ಗ್ರಾಮ ಪಂಚಾಯಿತಿಗಳಲ್ಲಿ ಸ್ವಚ್ಛ ವಾಹಿನಿ ಎಂಬ ಗಾಡಿ ಮನೆಮನೆಗೆ ಬಂದು ಒಣ ಕಸ ಎತ್ತಿ, ಸ್ವಚ್ಛ ಸಂಕೀರ್ಣ ಎಂಬ ವಿಂಗಡಣೆ ಘಟಕಕ್ಕೆ ಒಯ್ಯುವ ವ್ಯವಸ್ಥೆ ರಾಜ್ಯದಲ್ಲಿ ರೂಪುಗೊಂಡಿದೆ. ಗಾಡಿ ಓಡಿಸುವವರು, ವಿಂಗಡಿಸುವವರು ಹೆಚ್ಚಾಗಿ ಸ್ವಸಹಾಯ ಸಂಘಗಳ ಮಹಿಳೆಯರು. ಪಟ್ಟಣದಲ್ಲಿ ಈ ಕೆಲಸ ಪೌರಕಾರ್ಮಿಕರದ್ದು. ಸೆಪ್ಟೆಂಬರ್ 23ರಂದು ಪೌರಕಾರ್ಮಿಕರ ದಿನ ಆಚರಿಸಿ ಶಾಲು ಹೊದಿಸಿದರೆ ಸಾಲದು. ತಿಂಗಳ ಸಂಬಳ ತಿಂಗಳಿಗೆ ಸಿಗಬೇಕು, ಕೈಗವಸು, ಬೂಟು, ಆರೋಗ್ಯ ತಪಾಸಣೆ ತಪ್ಪಬಾರದು, ಕೈ ತೊಳೆಯಲು ನೀರು ಇರಬೇಕು.

ಈ ಖರ್ಚನ್ನು ಸರ್ಕಾರದ ಅನುದಾನ, ಪಂಚಾಯಿತಿ-ಪುರಸಭೆಯ ತೆರಿಗೆ, ಮನೆ ಮತ್ತು ಅಂಗಡಿಗಳು ಕೊಡುವ ಬಳಕೆದಾರರ ಶುಲ್ಕ, ಒಣ ಕಸ ಮತ್ತು ಗೊಬ್ಬರ ಮಾರಿದ ಹಣ ಎಲ್ಲ ಸೇರಿ ತೂಗಿಸಬೇಕು. ಶುಲ್ಕ ಬರುವುದು ಗಾಡಿ ತಪ್ಪದೆ ಬಂದಾಗ. ಒಣ ಕಸಕ್ಕೆ ಬೆಲೆ ಸಿಗುವುದು ಅದು ಹಸಿಯ ಜೊತೆ ಬೆರೆಯದಿದ್ದಾಗ. ಹೀಗೆ ಕಾನೂನು, ಯಂತ್ರ, ಹಣ, ಕೆಲಸಗಾರರ ಆರೋಗ್ಯ, ಮಲಪ್ರಭೆಯ ನೀರು ಎಲ್ಲವೂ ಕೊನೆಗೆ ಒಂದೇ ಕೆಲಸವನ್ನು ನೆಚ್ಚಿಕೊಂಡಿವೆ: ಕಸ ಹುಟ್ಟಿದ ಜಾಗದಲ್ಲೇ ಅದನ್ನು ಬೇರೆ ಮಾಡಿ ಇಡುವುದು.